ನನ್ನ ಗಮನಕ್ಕೆ ಬಾರದೆ

ನಾಯಿ ಮಲಗಿದೆ, ಟಿಪ್ಪರಿನ ಹೊಟ್ಟೆಯ ಕೆಳಗೆ, ಹೊಚ್ಚ ಹೊಸ ಗಾಡಿ ಠಾಣೆಯ ಬೀಡಾಡಿ ನಾಯಿಗೆ ಚಪ್ಪರವಾಗಿದೆ, ಯಾವನೋ ಪೊಲೀಸಪ್ಪ ಅದರ ಕನ್ನಡಿಗೆ ಹಗ್ಗ ಬಿಗಿದು ಬನಿಯನ್ ಒಣಹಾಕಿದ್ದಾನೆ, ಥೂ, ಎಂದುಕೊಂಡ ಚನ್ನವೀರಗೌಡ, ಕೋರ್ಟಿನ ಬಿಡುಗಡೆ ಆದೇಶವನ್ನು ಜೇಬಿನಲ್ಲಿ ಮತ್ತೊಮ್ಮೆ ಮುಟ್ಟಿ ನೋಡುತ್ತ — ಐದು ತಿಂಗಳು ಬೇಕಾಯಿತು ಈ ಹಾಳೆಗೆ, ಹಿಡಿದದ್ದು ನಾವು ಎಂದು ಪೊಲೀಸರು, ಬಿಡುವ ಅಧಿಕಾರ ನಮ್ಮದು ಎಂದು ಗಣಿ ಇಲಾಖೆಯವರು, ಒಂದು ಎಲುಬಿಗೆ ಎರಡು ನಾಯಿ, ಅಷ್ಟರಲ್ಲಿ ಎಲುಬಿಗೇ ತುಕ್ಕು ಹಿಡಿಯಿತು, ಮೂರು ಕಡೆಯಿಂದ ಫೋಟೊ ಹೊಡೆಸಿ ತನ್ನಿ ಎಂದರು ಜಡ್ಜ್ ಸಾಹೇಬರು, ಮದುವೆ ಹೆಣ್ಣೋ ಇದು? ಮರಳೆಲ್ಲಿ? ಪಂಚನಾಮೆಯಲ್ಲಿ ಪೂರ್ತಿ ಲೋಡು, ಈಗ ತಳ ಕಾಣುತ್ತಿದೆ, ಠಾಣೆಯ ಹಿಂದೆ ಮಾತ್ರ ಹೊಸ ಕಕ್ಕಸಿನ ಗೋಡೆ ಎದ್ದಿದೆ, ತುಂಗಭದ್ರೆಯ ಮರಳು ಕದ್ದವನು ನಾನಂತೆ! ಇನ್ನು ಆ ಅಂಗಡಿ ಎನ್ನುವ ವಕೀಲ, ಬಾಯಿ ತುಂಬ ಎಲೆ ಅಡಿಕೆ, ಕೋಟಿನ ಮೇಲೆ ಕೆಂಪು ಹನಿ, ನೋಡ್ರಿ ಸಾವ್ಕಾರ್ರ, ಮಾಲೀಕಗ ಗೊತ್ತಿತ್ತಂದ್ರ ಗಾಡಿ ಹೋತು, ಗೊತ್ತಿದ್ದಿಲ್ಲಂದ್ರ ಗಾಡಿ ಬಂತು, ಇಷ್ಟ ಕಾನೂನು, ಡ್ರೈವರ್ ಕೀಲಿ ಕದ್ದೊಯ್ದ ಅಂತ ಒಂದ್ ಕಂಪ್ಲೇಂಟ್ ಒಗದ್ಬಿಡ್ರಿ — ಗೌಡ ಒಗೆದ, ಸಹಿ ಹಾಕಿದ, ನನ್ನ ಗಮನಕ್ಕೆ ಬಾರದೆ ಸದರಿ ಚಾಲಕ ಗುಡ್ಡಪ್ಪನು, ಓದಿ ಹೇಳಿದಾಗ ನಗು ಬಂತು, ಸದರಿ ಅಂತೆ, ಹನ್ನೆರಡು ವರ್ಷ ಮನೆಯಲ್ಲಿ ಉಂಡವನು ಒಂದು ಸಹಿಗೆ ಸದರಿ ಆದ.

ಅವನೇನು ಕಡಿಮೆಯೇ, ಹೆದರುಪುಕ್ಕಲ, ಆ ದಿನವೂ ಅದೇ, ಬ್ಯಾಡ್ರಿ ಸಾವ್ಕಾರ್ರ, ನಿನ್ನಿಯಿಂದ ಜೀಪ್ ಅಡ್ಡಾಡಾಕ್ಹತ್ಯಾವು, ಕೀಲಿ ಗೋಡೆಯ ಮೊಳೆಯಲ್ಲಿತ್ತು, ತೆಗೆದು ಅವನ ಕೈಗೆ ಇಟ್ಟವನು ಯಾರು, ಹೋಗಲೇ, ಬಳಿ ತೊಟ್ಕೊಂಡೀಯೇನ್, ಹೋದ, ಹೊಲದ ದಾರಿ ಬಿಟ್ಟು ಡಾಂಬರಿಗೆ ಬಂದ, ದಡ್ಡ, ಸಿಕ್ಕುಬಿದ್ದ, ಆಮೇಲಾದರೂ ಬಾಯಿ ಬಿಟ್ಟನೇ, ಜಡ್ಜರು ಕೇಳಿದರೆ ಕೈ ಮುಗಿದು ನಿಂತ, ಹೌದ್ರಿ ಎಂದೂ ಇಲ್ಲ, ಅಲ್ರಿ ಎಂದೂ ಇಲ್ಲ, ಮಣ್ಣಿನ ಮುದ್ದೆ! ಜಾಮೀನಿಗೆ ನಿಲ್ಲುವವರಿಲ್ಲ, ಒಳಗೇ ಇದ್ದಾನೆ, ಅವನ ಹೆಂಡತಿ ಫಕ್ಕೀರವ್ವ ಎರಡು ಸಲ ಮನೆಗೆ ಬಂದು ಕಟ್ಟೆಯ ಕೆಳಗೆ ಕೂತಿದ್ದಳು, ನೋಡೂಣು ತಗೋಬೇ ಎಂದು ಕಳಿಸಿದ್ದೆ, ನೋಡುವುದೇನು, ನಾನು ನಿಜ ಹೇಳಿದರೆ ಅವನು ಹೊರಗೆ, ಗಾಡಿ ಸರಕಾರಕ್ಕೆ, ಅಷ್ಟೇ. ಹವಾಲ್ದಾರ ನದಾಫ ಆದೇಶವನ್ನು ತಿರುವಿಹಾಕಿ ನೋಡುತ್ತಾನೆ, ಓದಲು ಬರುವವನಂತೆ, ಚಾ ಕುಡದ ಹೋಗ್ರಿ ಗೌಡ್ರ, ಬೇಡ, ನಿಮ್ಮ ಚಹಾಕ್ಕೂ ಒಂದು ಪಂಚನಾಮೆ ಬರೆದೀರಿ. ಮೆಕ್ಯಾನಿಕ್ ಬೆಳಿಗ್ಗೆಯೇ ಬ್ಯಾಟರಿ ಕೂರಿಸಿ ಹೋಗಿದ್ದ, ಹತ್ತಿ ಕೂತು ಕೀಲಿ ತಿರುಗಿಸಿದ, ಒಂದೇ ಸಲಕ್ಕೆ ಗುರ್ ಎಂದಿತು, ನಾಯಿ ಎದ್ದು ಓಡಿತು, ಗೆದ್ದೆ, ಎಲ್ಲರ ಮೂತಿಗೂ ಬಡಿದಂತೆ ಗೆದ್ದೆ.

ಗೌಡ್ರ, ಸ್ವಲ್ಪ ತಡೀರಿ, ಸೀದಾ ಮುಂದ ಬಿಡ್ರಿ, ಹಿಂದ ತಗೀಬ್ಯಾಡ್ರಿ, ಗಾಲಿ ಕೆಳಗ ನಿಂಬಿಹಣ್ಣ ಐತಿ, ನದಾಫನ ಕೂಗು, ಯಾವ ನಿಂಬೆಹಣ್ಣು, ಯಾರಿಟ್ಟರು, ನಿಮ್ಮ ಗುಡ್ಡಪ್ಪನ ಹೇಣ್ತಿರಿ, ಅಮಾಸಿ ಅಲ್ಲೇನ್ರಿ ಇವತ್ತು, ಐದ್ ಅಮಾಸಿ ಆತು, ಒಂದೂ ತಪ್ಪಿಸಿಲ್ಲ, ಅಮಾಸಿಗೆ ಗಾಡಿ ನಿಂಬಿಹಣ್ಣಿಲ್ದ ಬರಿಗಾಲಿಲೆ ನಿಲ್ಲಬಾರ್ದು ಅಂತ ಗಂಡ ಜೇಲಿನಿಂದ ಹೇಳಿ ಕಳಿಸ್ಯಾನಂತ, ನಾವೂ ಪಾಪ ಅಂತ ಬಿಟ್ವಿ, ಮತ್ತ ಆಕಿಗೆ ಕಂಪ್ಲೇಂಟ್ ಯಾರು ಕೊಟ್ಟಾರಂತ ಗೊತ್ತಿಲ್ರಿ, ಸಾವ್ಕಾರ್ರು ಮೊದ್ಲ ಗಾಡಿ ಬಿಡಿಸ್ತಾರ, ಆಮ್ಯಾಲ ನಮ್ಮವರನ್ನ ಬಿಡಿಸ್ತಾರ ಅಂತಾಳ. ಮುಚ್ಚೋ ಬಾಯಿ ಎನ್ನಬೇಕು, ಬಗ್ಗಿ ನೋಡಬಾರದಿತ್ತು, ಕಿಟಕಿಯಿಂದ ಬಗ್ಗಿದ — ಗಾಲಿಯ ಪಕ್ಕದಲ್ಲಿ ಒಣಗಿ ಕಪ್ಪಾದ ಹಳೆಯ ನಿಂಬೆಗಳು, ಅವಳೇ ತೆಗೆದು ಬದಿಗಿಟ್ಟಿದ್ದಾಳೆ, ಗಾಲಿಯ ಮುಂದೆ ಒಂದು ಹಸಿ, ಹಳದಿ, ನೆತ್ತಿಗೆ ಕುಂಕುಮ, ಹೇಡಿ, ಯಾರು ಹೇಡಿ, ಗೇರು ಬಿದ್ದಿದೆ, ಕ್ಲಚ್ಚಿನ ಮೇಲೆ ಕಾಲು, ಬಿಟ್ಟರೆ ಸಾಕು, ಒಂದು ನಿಂಬೆಹಣ್ಣು, ಎಷ್ಟು ಹಾಯಿಸಿಲ್ಲ ಇಷ್ಟು ವರ್ಷ, ಬಿಡು, ಬಿಡ್ರಿ ಗೌಡ್ರ ಎನ್ನುತ್ತಾನೆ ನದಾಫ, ಹಿಂದೆ ಜೀಪಿನವನು ಹಾರ್ನ್ ಹೊಡೆಯುತ್ತಾನೆ, ಕಾಲು ಏಳುತ್ತಿಲ್ಲ, ಹಳದಿ, ನೆತ್ತಿಗೆ ಕುಂಕುಮ, ಬಿಡು, ಹಳದಿ, ನೆತ್ತಿಗೆ ಕುಂಕುಮ