ಹೆಣವಿಲ್ಲದ ವಿಮಾನ

ಕಲ್ಲೇಶ ಬಿಗಿದ ಗಂಟು ಮೂರನೆಯ ಸಲವೂ ಜಾರಿತು. ನಿಲ್ಲಿಸಿದ್ದ ಬಿದಿರು ವಾಲಿ ಬಾಳೆದಿಂಡಿನ ಮೇಲೆ ಬಿತ್ತು. ಸತ್ತವರನ್ನು ಕೂರಿಸಿ ಹೊರುವ ವಿಮಾನ ಕಟ್ಟುವುದರಲ್ಲಿ ಗಜೇಂದ್ರಗಡದಲ್ಲಿ ಅವನನ್ನು ಮೀರಿಸಿದವರಿಲ್ಲ. ಮೂವತ್ತು ವರ್ಷ ಪಳಗಿದ ಕೈ. ಇವತ್ತು ಆ ಕೈ ಅವನ ಮಾತು ಕೇಳುತ್ತಿರಲಿಲ್ಲ.

"ಲಗೂ ಕಟ್ಟೋ ಮಾರಾಯ. ನಾಕಕ್ಕ ಎತ್ತೂದೈತಿ," ಎಂದ ಹೇಮಪ್ಪ. ಒಳಗೆ ಪಡಸಾಲೆಯಲ್ಲಿ ಗೋಡೆಗೆ ಒರಗಿಸಿ, ಹಣೆಗೆ ವಿಭೂತಿ ಬಳಿದು ಕೂರಿಸಿದ್ದುದು ಹೇಮಪ್ಪನ ತಮ್ಮ ಗುರುಸಂಗಪ್ಪನನ್ನು. ನಸುಕಿನಲ್ಲಿ ಎದೆನೋವು ಎಂದವನು ದವಾಖಾನೆ ಮುಟ್ಟಲಿಲ್ಲ.

ಗುರುಸಂಗಪ್ಪ ಇಪ್ಪತ್ತು ವರ್ಷ ಮದುವೆ ಫೋಟೋ ತೆಗೆದವನು. ಆಮೇಲೆ ತಲೆಗೆ ಏನು ಹೊಕ್ಕಿತೋ, ಸ್ಟುಡಿಯೋ ಬಾಗಿಲು ಹಾಕಿ ಸಿನಿಮಾದ ಬೆನ್ನು ಹತ್ತಿದ. ಅವನ ಸಿನಿಮಾಗಳಲ್ಲಿ ಹೀರೋ ಇಲ್ಲ, ಹಾಡಿಲ್ಲ. ಸೂಡಿಯ ಕಲ್ಲು ಕೆತ್ತುವವರು, ಊರಿನ ನೇಕಾರರು, ಹೊಳೆಆಲೂರಿನ ಕುಂಬಾರರು ತಮ್ಮ ಕೆಲಸ ಮಾಡುತ್ತಿರುತ್ತಾರೆ, ಅಷ್ಟೇ. "ಮದವ್ಯಾಗ ಮಂದಿ ಕ್ಯಾಮೆರಾಕ್ಕ ಮಾರಿ ಕೊಡ್ತಾರ. ಕೆಲಸದಾಗ ಮಾರಿ ಇದ್ದದ್ದ ಮರತಿರ್ತಾರ," ಎನ್ನುತ್ತಿದ್ದ.

"ಮೂರ ದಿವಸ ನನ್ನ ಕೈ ನೋಡ್ಕೋಂತ ಕುಂತಿದ್ದ," ಎಂದು ಹೊಳೆಆಲೂರಿನಿಂದ ಬಂದಿದ್ದ ಕುಂಬಾರ ಗಾಳೆವ್ವ ಹೆಂಗಸರ ನಡುವೆ ಹೇಳುತ್ತಿದ್ದಳು. "ಕಟ್ಟಿಕೊಂಡ ಗಂಡ ಒಂದ ದಿನಾ ನೋಡಿರಲಿಲ್ಲ."

ಒಬ್ಬಿಬ್ಬರು ನಕ್ಕು, ಕೂಡಲೇ ಸೆರಗು ಬಾಯಿಗೆ ಒತ್ತಿಕೊಂಡರು. ಕಲ್ಲೇಶನಿಗೆ ಆ ಮಾತು ಚುಚ್ಚಿತು.

*

ಕಲ್ಲೇಶನ ಕೈಯನ್ನೂ ಚಿತ್ರದಲ್ಲಿ ಹಿಡಿಯಬೇಕೆಂದು ಗುರುಸಂಗಪ್ಪ ಎರಡು ವರ್ಷ ಕಾದಿದ್ದ. ಸಾವಿನ ಮನೆಯವರು ಯಾರೂ ಕ್ಯಾಮೆರಾ ಬಿಟ್ಟುಕೊಳ್ಳಲಿಲ್ಲ. ಅದು ಅವರ ತಪ್ಪೂ ಅಲ್ಲ. ಕೊನೆಗೆ, ಒಂಬತ್ತು ದಿನದ ಹಿಂದೆ, ಕಲ್ಲೇಶನ ಹಿತ್ತಲಿಗೇ ಬಂದ.

"ಸುಮ್ನ ಒಂದ ಕಟ್ಟು. ಶೂಟಿಂಗ ಮುಗದ ಮ್ಯಾಲ ಬಿಚ್ಚಿಬಿಡೂಣು."

"ಹೆಣ ಇಲ್ದ ವಿಮಾನ ಕಟ್ಟಬಾರ್ದ್ರಿ. ಕಟ್ಟಿದ್ರ ಅದು ಯಾರನರ ಕರೀತೈತಿ. ನಮ್ಮಪ್ಪ ಸಾಯೂತನಕ ಅದನ್ನ ಹೇಳ್ಯಾನ."

"ಹಂಗಾರ ಬಿಡು," ಎಂದು ಗುರುಸಂಗಪ್ಪ ಎದ್ದ. ಒತ್ತಾಯ ಮಾಡಲಿಲ್ಲ. ಅಲ್ಲಿಗೇ ಮುಗಿಯಬಹುದಿತ್ತು. ಆದರೆ ಕುಂಬಾರರ ಚಿತ್ರ, ನೇಕಾರರ ಚಿತ್ರ ನೋಡಿ ಬಂದಿದ್ದ ಕಲ್ಲೇಶನಿಗೆ ಒಳಗೇ ಆಸೆಯಿತ್ತು. ಮುಂಜಾನೆ ತಾನು ಎದುರಾದರೆ ಮುಖ ತಿರುಗಿಸುವ ಜನ ಒಂದು ಸಲವಾದರೂ ತನ್ನ ಕೆಲಸ ನೋಡಲಿ ಎಂಬ ಆಸೆ. "ತಡೀರಿ," ಎಂದವನು ಕಲ್ಲೇಶನೇ.

ಕಟ್ಟಿ ಮುಗಿಸಿದ. ಗುರುಸಂಗಪ್ಪ ಕ್ಯಾಮೆರಾದಲ್ಲಿ ನೋಡಿ, "ಖಾಲಿ ಕಾಣ್ತೈತಿ," ಎಂದವನೇ ತಾನೇ ಹೋಗಿ ವಿಮಾನದೊಳಗೆ ಚಕ್ಕಳಬಕ್ಕಳ ಹಾಕಿ ಕೂತ. ಕಣ್ಣು ಮುಚ್ಚಿಕೊಂಡು ನಕ್ಕ. ಕಲ್ಲೇಶನಿಗೆ ನಗಲಾಗಲಿಲ್ಲ.

*

ನಾಲ್ಕನೆಯ ಗಂಟೂ ಜಾರಿದಾಗ ಕಲ್ಲೇಶ ಎದ್ದು ಬಾಗಿಲ ಬಳಿ ಹೋದ.

"ಅಕ್ಕಾರ, ನನ್ನ ಕೈಲಿ ಕಟ್ಟಾಕ ಆಗೂದಿಲ್ರಿ."

ಗುರುಸಂಗಪ್ಪನ ಹೆಂಡತಿ ಅನ್ನಪೂರ್ಣಾ ಹೊರಗೆ ಬಂದಳು. ಕಲ್ಲೇಶ ತಲೆ ತಗ್ಗಿಸಿ ಎಲ್ಲ ಹೇಳಿದ. ತಾನು ಕಟ್ಟಿದ್ದು, ಗುರುಸಂಗಪ್ಪ ಅದರೊಳಗೆ ಕೂತದ್ದು, ನಕ್ಕದ್ದು. ಒಳಗಿನ ಭಜನೆಯ ತಾಳದಲ್ಲಿ ಅರ್ಧ ಮಾತು ಮುಚ್ಚಿಹೋಯಿತು.

"ಗೊತ್ತೈತಿ. ನನಗ ತೋರ್ಸಿದ್ರು," ಎಂದಳು ಅವಳು. "ನೋಡಿ ಎರಡ ದಿನಾ ಮಾತ ಬಿಟ್ಟಿದ್ದೆ."

"ನನ್ನಿಂದನ ಆತ್ರಿ, ಅಕ್ಕಾರ."

ಅವಳು ಅಂಗಳದಲ್ಲಿ ಬಿದ್ದಿದ್ದ ಬಿದಿರಿನ ಕಡೆ ನೋಡಿದಳು.

"ಅಲ್ಲ ಅನ್ನಾಕ ಇವತ್ತ ನನಗ ಬಾಯಿ ಬರವಲ್ದು, ಕಲ್ಲೇಶ. ಹೌದ ಅನ್ನಾಕೂ ಬರವಲ್ದು. ಆದ್ರ ಬ್ಯಾರೇದವರು ಕಟ್ಟಿದ್ರ ನಮ್ಮ ಯಜಮಾನ್ರಿಗೆ ಸೇರೂದಿಲ್ಲ."

ಅಂಗಳಕ್ಕಿಳಿದು, ಬಿದ್ದ ಬಿದಿರನ್ನು ಎತ್ತಿ ನೆಟ್ಟಗೆ ಹಿಡಿದಳು. ಹೆಂಗಸರು ವಿಮಾನ ಮುಟ್ಟುವ ರೂಢಿಯಿಲ್ಲ. ಹೇಮಪ್ಪ ಹಿಂದೆ ಸರಿದು ಅವಳಿಗೆ ಜಾಗ ಬಿಟ್ಟ.

"ನಾ ಹಿಡದೀನಿ. ಬಿಗಿ."

ಕಲ್ಲೇಶ ಹಗ್ಗ ಸುತ್ತಿದ. ಕಣ್ಣು ಮಂಜಾಗಿ, ಮೊದಲ ಸುತ್ತು ಅವಳ ಹೆಬ್ಬೆರಳಿನ ಮೇಲೆಯೇ ಬಿತ್ತು. ಅವನು ಹಗ್ಗದ ತುದಿ ಹಿಡಿದು ಕಾದ. ಅವಳು ಬೆರಳು ತೆಗೆಯಲಿಲ್ಲ; ಈ ಗಂಟಾದರೂ ಜಾರದಿರಲಿ ಎಂಬಂತೆ ಬಿದಿರನ್ನು ಇನ್ನೂ ಬಿಗಿಯಾಗಿ ಹಿಡಿದಳು.