ಧೂಳಪ್ಪ ಹಾಕಿದ ಗಂಟು

ಕಂಪ್ಯೂಟರಿನಲ್ಲಿ ಆಟ ಶುರುವಾಗುತ್ತಿಲ್ಲ ಅಂತ ಮಕ್ಕಳು ರಿಪೇರಿ ಅಂಗಡಿಗೆ ಬರೋದು ಎಲ್ಲರಿಗೂ ಗೊತ್ತಿರೋ ಸಂಗತಿ. ಅದೇ ಮಕ್ಕಳ ಅಪ್ಪ ಅಮ್ಮ, ಮಕ್ಕಳು ಶಾಲೆಗೆ ಹೋದ ಹೊತ್ತು ನೋಡಿಕೊಂಡು ಅದೇ ಅಂಗಡಿಗೆ ಬಂದು, ಆಟ ಶುರುವಾಗದ ಹಾಗೆ ಮಾಡಿಕೊಡಿ ಅಂತ ಕೇಳುತ್ತಿದ್ದದ್ದು ಮಾತ್ರ ಧೂಳಪ್ಪನಿಗೂ ಅವನ ಅಂಗಡಿಯ ಗೋಡೆಗೂ ಬಿಟ್ಟರೆ ಯಾರಿಗೂ ಗೊತ್ತಿರಲಿಲ್ಲ.

ಧೂಳಪ್ಪ ಅನ್ನೋದು ಹೆತ್ತವರು ಇಟ್ಟ ಹೆಸರಲ್ಲ ಬಿಡಿ. ಏನೇ ಕೆಟ್ಟು ಬರಲಿ, ಮುಚ್ಚಳ ತೆಗೆಯೋ ಮುಂಚೆಯೇ "ಧೂಳು ಸಾರ್, ಎಲ್ಲಾ ಧೂಳು" ಅನ್ನುತ್ತಿದ್ದ. ಹತ್ತರಲ್ಲಿ ಆರು ಸಲ ಅದು ನಿಜವೂ ಆಗಿರುತ್ತಿತ್ತು. ಉಳಿದ ನಾಲ್ಕು ಸಲಕ್ಕೆ ಬೀದಿಯವರು ಈ ಹೆಸರು ಇಟ್ಟರು. ಅವನೇನು ಬೇಜಾರು ಮಾಡಿಕೊಳ್ಳಲಿಲ್ಲ.

ಅಪ್ಪ ಅಮ್ಮಂದಿರಿಗೆ ಅವನು ಮಾಡಿಕೊಡುತ್ತಿದ್ದ ಕೆಲಸಕ್ಕೆ ಗಂಟು ಅಂತ ಹೆಸರು. ಸಿಸ್ಟಮ್ಮಿನ ಒಳಗೆ, ಯಾರೂ ಕೈ ಹಾಕದ ಒಂದು ಮೂಲೆಯಲ್ಲಿ, ಆಟದ ಹೆಸರು ಬರೆದು ಅದರ ಕೆಳಗೆ ಒಂದು ಸಾಲು ಸೇರಿಸುತ್ತಿದ್ದ. ಅಷ್ಟೇ. ಆಮೇಲೆ ಆಟದ ಮೇಲೆ ಎಷ್ಟು ಸಲ ಒತ್ತಿದರೂ ಅದು ಏಳೋದಿಲ್ಲ. ತಪ್ಪಾಗಿದೆ ಅಂತ ಒಂದು ಮಾತೂ ಪರದೆಯ ಮೇಲೆ ಬರೋದಿಲ್ಲ. ಆಟ ಅಳಿಸಿ ಹೊಸದಾಗಿ ಹಾಕಿದರೂ ಗಂಟು ಅಲ್ಲೇ ಇರುತ್ತದೆ. ಬಿಚ್ಚೋಕೆ ಅರ್ಧ ನಿಮಿಷ ಸಾಕು, ಎಲ್ಲಿದೆ ಅಂತ ಗೊತ್ತಿದ್ದರೆ. ಅವನದು ಒಂದೇ ನಿಯಮ: ಹಾಕಿಸಿದವರು ಬಂದು ಹೇಳದೆ ಬಿಚ್ಚೋದಿಲ್ಲ. ಪರೀಕ್ಷೆಯ ಫಲಿತಾಂಶ ಬಂದ ದಿನ ನಾಲ್ಕು ಜನ ತಾಯಂದಿರು ಬಂದು ಕೈ ಮುಗಿದು ಹೋಗುತ್ತಿದ್ದರು. ಮಕ್ಕಳ ಬಾಳು ನೆಟ್ಟಗೆ ಮಾಡೋನು ನಾನು ಅಂತ ಅವನಿಗೆ ಒಳಗೊಳಗೇ ಒಂದು ಹೆಮ್ಮೆ.

ಹಿಂದಿನ ಬೀದಿಯ ಟೈಲರಮ್ಮ ಬಂದದ್ದು ಮಗಳ ಪರೀಕ್ಷೆಗೆ ಆರು ವಾರ ಇದ್ದಾಗ. ಗಂಡ ಇಲ್ಲದ ಹೆಂಗಸು. ಬೆಳಿಗ್ಗೆಯಿಂದ ಸಂಜೆವರೆಗೆ ಮೆಷಿನ್ ತುಳಿದು ಮಗಳನ್ನು ಓದಿಸುತ್ತಿದ್ದಳು. ಕುತ್ತಿಗೆಗೆ ಅಳತೆ ಟೇಪು ಹಾಕಿಕೊಂಡೇ ಓಡಿ ಬಂದಿದ್ದಳು.

"ಅಣ್ಣಾ, ಸಂಜೆ ಐದು ಆದ್ರೆ ಸಾಕು, ಕೂತ್ಬಿಡ್ತಾಳೆ. ಯಾವುದೋ ದ್ವೀಪವಂತೆ, ಕೋಳಿ ಸಾಕ್ತಾಳಂತೆ. ಮನೇಲಿ ಒಂದು ಲೋಟ ತೊಳೆಯೋಕೆ ಬರಲ್ಲ, ಅಲ್ಲಿ ಕೋಳಿ ಗೂಡು ಗುಡಿಸ್ತಾಳೆ! ಪರೀಕ್ಷೆ ಮುಗಿಯೋವರೆಗೆ ಒಂದು ಗಂಟು ಹಾಕಿಕೊಡಿ."

"ಹಾಕೋಣ ತಾಯಿ. ಫ್ಯಾನ್ ಸದ್ದು ಮಾಡ್ತಿದೆ ಅಂತ ಹೇಳಿ ಕಳಿಸಿಕೊಡಿ."

ಮಾರನೇ ದಿನ ಫ್ಯಾನೂ ಒರೆಸಿದ, ಗಂಟೂ ಹಾಕಿದ.

ಮೂರು ದಿನ ಬಿಟ್ಟು ಹುಡುಗಿ ಬಂದಳು. ಹದಿನಾರು ವರ್ಷ, ಕಡ್ಡಿಯಂಥ ಕೈಕಾಲು. ಕಂಪ್ಯೂಟರನ್ನು ಹಾಸಿಗೆ ಚಾದರದಲ್ಲಿ ಸುತ್ತಿ ಸೈಕಲ್ ಕ್ಯಾರಿಯರ್‌ಗೆ ಕಟ್ಟಿಕೊಂಡು, ಒಂದು ಕೈಯಲ್ಲಿ ಅದನ್ನು ಹಿಡಿದು ಸೈಕಲ್ ತಳ್ಳಿಕೊಂಡೇ ಬಂದಿದ್ದಳು.

"ಅಂಕಲ್, ಆಟ ಓಪನ್ ಆಗ್ತಿಲ್ಲ. ಎರರ್ ಕೂಡ ಬರ್ತಿಲ್ಲ."

"ಧೂಳು ಪುಟ್ಟಿ, ಧೂಳು," ಅಂದ ಧೂಳಪ್ಪ.

"ಮೊನ್ನೆ ತಾನೇ ನೀವೇ ಒರೆಸಿದ್ರಲ್ಲ?"

ಚುರುಕು ಹುಡುಗಿ. ಅವನು ಗಂಟಲು ಸರಿಮಾಡಿಕೊಂಡು, ಹಾಗಾದರೆ ಗ್ರಾಫಿಕ್ಸ್ ಡ್ರೈವರ್ ಹಳೇದಿರಬೇಕು ಅಂದ. ಹುಡುಗಿ ಒಂದು ಗೆರೆ ಪುಸ್ತಕ ತೆಗೆದು ಅದನ್ನೂ ಬರೆದುಕೊಂಡಳು. ಅದರಲ್ಲಿ ಆಗಲೇ ಏಳು ಸಾಲು ಇತ್ತು: ಆಟ ಅಳಿಸಿ ಮತ್ತೆ ಹಾಕಿದೆ, ಆಗಲಿಲ್ಲ. ಆಂಟಿವೈರಸ್ ನಿಲ್ಲಿಸಿದೆ, ಆಗಲಿಲ್ಲ. ತಾರೀಖು ಸರಿ ಮಾಡಿದೆ, ಆಗಲಿಲ್ಲ. ಒಂದೊಂದರ ಮುಂದೆಯೂ ದಿನ, ಗಂಟೆ. ಇಪ್ಪತ್ತು ವರ್ಷ ಈ ಕಸುಬು ಮಾಡಿದ ಧೂಳಪ್ಪನೂ ಇಷ್ಟು ಅಚ್ಚುಕಟ್ಟಾಗಿ ಬರೆದಿಟ್ಟವನಲ್ಲ.

ಎರಡನೇ ಸಲ ಬಂದಾಗ ಅವನು ಮೆಮೊರಿ ತೆಗೆದು ಉಜ್ಜಿ ಮತ್ತೆ ಕೂರಿಸಿದ. ಮೂರನೇ ಸಲ ಪವರ್ ಸಪ್ಲೈ ಬದಲಿಸಿದ ಹಾಗೆ ನಾಟಕ ಮಾಡಿದ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದ ಹಾಗೆ. ಇಲ್ಲಿ ಎತ್ತಿಗೆ ಜ್ವರ ಬರಿಸಿದವನೂ ಅವನೇ ಅನ್ನೋದೊಂದು ವಿಶೇಷ. ಹುಡುಗಿ ಮನೆಗೆ ಹೋಗಿ ಪ್ರಯತ್ನಿಸಿ, ಸಾಲು ಬರೆದು, ಮತ್ತೆ ಚಾದರ ಸುತ್ತಿಕೊಂಡು ಬರುತ್ತಿದ್ದಳು.

ಪರೀಕ್ಷೆಗೆ ಎರಡೇ ದಿನ ಇದ್ದಾಗ ನಾಲ್ಕನೇ ಸಲ ಬಂದವಳು ಸ್ಟೂಲಿನ ಮೇಲೆ ಕೂರಲಿಲ್ಲ.

"ಅಂಕಲ್, ನಿಮ್ಮ ಮಷೀನಲ್ಲಿ ಒಂದೈದು ನಿಮಿಷ ಲಾಗಿನ್ ಆಗ್ಲಾ? ಸೈಬರ್ ಸೆಂಟರಿಗೆ ಹೋಗಿದ್ದೆ, ಅಲ್ಲಿಯವೆಲ್ಲ ಓಬೀರಾಯನ ಕಾಲದವು, ಈ ಆಟ ಲೋಡೇ ಆಗಲ್ಲ."

"ಇದು ಕಸ್ಟಮರ್ದು ಪುಟ್ಟಿ. ಪರೀಕ್ಷೆ ಹತ್ತಿರ ಬಂತಲ್ಲ, ಆಟ ಎಲ್ಲಿಗೆ ಓಡಿಹೋಗುತ್ತೆ?"

"ಆಟ ಬೇಡ ಅಂಕಲ್. ಮೊಲ ಇದ್ದಾಳೆ ಅಲ್ಲಿ."

ಆಮೇಲೆ ಒಂದೇ ಉಸಿರಿಗೆ ಎಲ್ಲಾ ಹೇಳಿದಳು. ಮೊಲ ಅನ್ನೋದು ಆಟದಲ್ಲಿ ಇವಳ ಜೊತೆ ಆಡೋ ಒಬ್ಬ ಹುಡುಗಿಯ ಹೆಸರು, ಇವಳದು ಕಪ್ಪೆ. ಎರಡು ವರ್ಷದಿಂದ ಇಬ್ಬರೂ ಸೇರಿ ಒಂದು ದ್ವೀಪದಲ್ಲಿ ಕೋಳಿ ಸಾಕುತ್ತಿದ್ದಾರೆ. ನಿಜವಾದ ಹೆಸರು, ಊರು, ಫೋನು ಒಂದೂ ಗೊತ್ತಿಲ್ಲ, ಬೇಕು ಅಂತಲೂ ಯಾವತ್ತೂ ಅನ್ನಿಸಿರಲಿಲ್ಲ. ಮೊಲಕ್ಕೆ ಹೃದಯದ ಕಾಯಿಲೆ, ಆಸ್ಪತ್ರೆಯ ಮಂಚದ ಮೇಲಿಂದಲೇ ಆಡೋದು. ಆಪರೇಷನ್ನಿಗೆ ತಾರೀಖು ಗೊತ್ತುಮಾಡಿದ್ದರು. ನಾನು ಉಳಿಯಲ್ಲ ಕಣೇ, ನಾನು ಉಳಿಯಲ್ಲ ಅಂತ ದಿನಾ ಅದೇ ರಾಗ. ಕೊನೆಗೊಂದು ದಿನ ಇವಳಿಗೆ ತಾಳ್ಮೆ ಕೆಟ್ಟು, "ದಿನಾ ಸಾಯೋರಿಗೆ ಅಳೋರು ಯಾರು, ಹೋಗು" ಅಂತ ಬರೆದು ಆಟ ಮುಚ್ಚಿದಳು. ಎಲ್ಲರ ಬಾಯಲ್ಲಿ ಓಡಾಡೋ ಗಾದೆ, ಇವಳ ಬಾಯಲ್ಲೂ ಬಂತು. ಮಾರನೇ ದಿನ ಕ್ಷಮಿಸು ಅನ್ನೋಣ ಅಂತ ಕೂತರೆ ಆಟ ಏಳಲಿಲ್ಲ.

"ಮುಂದಿನ ವಾರ ಅವಳ ಆಪರೇಷನ್ನು. ನಾನು ಕೋಪ ಮಾಡ್ಕೊಂಡಿದೀನಿ ಅಂದ್ಕೊಂಡಿರ್ತಾಳೆ. ಒಂದು ಮಾತು ಹೇಳ್ಬೇಕು ಅಂಕಲ್, ಅಷ್ಟೇ."

ಧೂಳಪ್ಪ ಕೈಯಲ್ಲಿದ್ದ ಸ್ಕ್ರೂಡ್ರೈವರ್ ಕೆಳಗಿಟ್ಟ. ಆದರೆ ಅವನೂ ಬೇಕಾದಷ್ಟು ಕಥೆ ಕೇಳಿದ್ದವನು. ಹೋದ ವರ್ಷ ಒಬ್ಬ ಹುಡುಗ, ತೀರಿಹೋದ ನಮ್ಮ ತಾತನ ಹೆಸರಲ್ಲಿ ಆಟದೊಳಗೆ ಮನೆ ಕಟ್ಟಿದೀನಿ ಅಂತ ಮುಸಿಮುಸಿ ಅತ್ತಿದ್ದ. ಆ ತಾತ ಅಂಗಡಿಯ ಹೊರಗೆ ಸ್ಕೂಟರ್ ಮೇಲೆ ಕೂತು ಕಡಲೆಕಾಯಿ ತಿನ್ನುತ್ತಿದ್ದ!

ಆದರೂ ಆ ಮಧ್ಯಾಹ್ನ ಅಂಗಡಿಯ ಬಾಗಿಲು ಎಳೆದು ಟೈಲರಮ್ಮನ ಹತ್ತಿರ ಹೋದ. ಅವಳು ಮೆಷಿನ್ ನಿಲ್ಲಿಸದೆಯೇ ಕೇಳಿಸಿಕೊಂಡಳು.

"ಮೊಲ, ಕಪ್ಪೆ! ನೀವೂ ನಂಬಿದ್ರಾ ಅಣ್ಣಾ? ಮುಖ ಇಲ್ಲ, ಹೆಸರಿಲ್ಲ, ಆ ಕಡೆ ಕೂತಿರೋದು ಹುಡುಗೀನೋ ಮೀಸೆ ಬಂದೋನೋ ಯಾರು ಕಂಡೋರು? ನಾಡಿದ್ದಿಂದ ಪರೀಕ್ಷೆ. ಆರು ಪೇಪರು. ಅದೊಂದು ದಾಟಿಬಿಡಲಿ."

"ಒಂದೈದು ನಿಮಿಷ ಬಿಚ್ಚಿ, ಮತ್ತೆ ಹಾಕಿಬಿಡ್ತೀನಿ ತಾಯಿ."

"ಐದು ನಿಮಿಷದಲ್ಲಿ ಎದ್ದು ಬರ್ತಾಳಾ ಅವಳು? ನೀವು ಮಾತು ಕೊಟ್ಟಿದ್ರಿ."

ಕೊಟ್ಟಿದ್ದ ನಿಜ. ತಾಯಿಗಿಂತ ಹೆಚ್ಚು ನನಗೆ ಗೊತ್ತಾ ಅಂತ ತನಗೇ ಸಮಾಧಾನ ಹೇಳಿಕೊಂಡು ವಾಪಸ್ ಬಂದ. ಐದನೇ ಸಲ ಹುಡುಗಿ ಬಂದದ್ದು ಎರಡನೇ ಪೇಪರಿನ ದಿನ, ಶಾಲೆಯಿಂದ ಮನೆಗೆ ಓಡಿ ಕಂಪ್ಯೂಟರ್ ಹೊತ್ತುಕೊಂಡು, ಯೂನಿಫಾರಂನಲ್ಲೇ. ಚಾದರ ಬಿಚ್ಚಿ ಅದನ್ನು ಅವನ ಮುಂದಿಟ್ಟಳು. ಬೋರ್ಡಿನ ಒಂದು ಪಾರ್ಟ್ ಹೋಗಿದೆ, ತರಿಸಬೇಕು, ಎರಡು ವಾರ ಅಂದ. ಈ ಸುಳ್ಳು ಹೇಳುವಾಗ ಅವಳ ಮುಖ ನೋಡೋಕಾಗದೆ, ಖಾಲಿ ಡಬ್ಬಿಯೊಂದರಲ್ಲಿ ಸ್ಕ್ರೂ ಹುಡುಕುತ್ತಿದ್ದ.

ಪರೀಕ್ಷೆ ಮುಗಿದ ದಿನವೇ ಟೈಲರಮ್ಮನ ಫೋನು. "ಅಣ್ಣಾ, ಇವತ್ತೇ ಬನ್ನಿ. ಸರಿಯಾಗಿ ಊಟಾನೂ ಮಾಡ್ತಿಲ್ಲ ಹುಡುಗಿ. ಹೊಸ ಪಾರ್ಟ್ ತಂದೆ ಅಂತ ಹೇಳಿ."

ಧೂಳಪ್ಪ ಹಳೇ ಮೆಮೊರಿ ಕಾರ್ಡೊಂದನ್ನು ಹೊಸ ಕವರಿಗೆ ಹಾಕಿ ಜೇಬಿಗಿಳಿಸಿಕೊಂಡು ಸಂಜೆ ಐದರ ಹೊತ್ತಿಗೆ ಹೋದ. ಒಂದೇ ಕೋಣೆ, ಒಂದು ಅಡುಗೆಮನೆ. ಗೋಡೆಗೆ ಅರ್ಧ ಹೊಲಿದ ಅಂಗಿಗಳು, ಮೂಲೆಯಲ್ಲಿ ಕಂಪ್ಯೂಟರು. ಅವನು ನೀರು ಕೇಳಿದ. ಹುಡುಗಿ ನೀರು ತರೋಕೆ ಒಳಗೆ ಹೋದಳು. ಅವಳು ಲೋಟ ತುಂಬಿಕೊಂಡು ಬರೋದರೊಳಗೆ ಗಂಟು ಬಿಚ್ಚಿಯಾಗಿತ್ತು.

"ನೋಡು ಪುಟ್ಟಿ ಈಗ."

ಒತ್ತಿದಳು. ಪರದೆ ಒಂದು ಸಲ ಕಪ್ಪಾಗಿ, ಸಮುದ್ರ ಕಾಣಿಸಿತು, ಸಂಗೀತ ಬಂತು. ಹುಡುಗಿ ಬಾಯಿಗೆ ಕೈ ಅಡ್ಡ ಹಿಡಿದುಕೊಂಡಳು. ಟೈಲರಮ್ಮ ಬಾಗಿಲ ಹತ್ತಿರ ನಿಂತು ನಕ್ಕಳು, ಎಷ್ಟೋ ದಿನದ ಮೇಲೆ ಮಗಳ ಮುಖ ಅರಳಿದ್ದು ಕಂಡು.

ದ್ವೀಪದ ಮರಕ್ಕೆ ಒಂದು ಹಲಗೆ, ಅದರ ಮೇಲೆ ಕಾಗದಗಳು. ಹುಡುಗಿ ಒಂದೊಂದನ್ನೇ ತೆರೆದಳು. ಧೂಳಪ್ಪನೂ ಹಿಂದಿನಿಂದ ಓದಿದ.

ಕಪ್ಪೆ, ಕೋಪನಾ?

ಕೋಳಿಗೆಲ್ಲ ನಾನೇ ಕಾಳು ಹಾಕಿದೀನಿ. ನಿನ್ನ ಕರಿ ಕೋಳಿ ನನ್ನ ಮಾತು ಕೇಳಲ್ಲ.

ಸಾಯೋ ಮಾತು ಇನ್ಮೇಲೆ ಆಡಲ್ಲ ಕಣೇ. ಆಣೆ. ಬಾರೇ.

ನಾಳೆ ಆಪರೇಷನ್. ಇವತ್ತು ಏಳು ಗಂಟೆವರೆಗೂ ಇಲ್ಲೇ ಕೂತಿರ್ತೀನಿ.

ಅದರ ಕೆಳಗಿನದು ಮಾತ್ರ ಉದ್ದ ಇತ್ತು. "ನಾನು ಮೊಲದ ಅಕ್ಕ. ಆಪರೇಷನ್ ಆದ ಮೇಲೆ ಎರಡು ದಿನ ಅವಳಿಗೆ ಎಚ್ಚರ ಇತ್ತು. ಕಪ್ಪೆ ಬಂದ್ಲಾ ನೋಡು ಅಂತ ನನ್ನ ಕೈಲಿ ಆಟ ಓಪನ್ ಮಾಡಿಸ್ತಿದ್ಲು. ಬುಧವಾರ ಬೆಳಿಗ್ಗೆ ಹೋಗಿಬಿಟ್ಟಳು. ನೀನು ಯಾರು ಅಂತ ನನಗೆ ಗೊತ್ತಿಲ್ಲ. ಅವಳು ಹೋದ ಮೇಲೂ ದಿನಾ ಐದು ಗಂಟೆಗೆ ಬಂದು ನೋಡ್ತಿದೀನಿ."

ಟೈಲರಮ್ಮ ಬಾಗಿಲಿನಿಂದಲೇ "ಏನಂತೆ? ಏನಂತೆ ಅದು?" ಅಂತ ಕೇಳುತ್ತಿದ್ದಳು. ಧೂಳಪ್ಪ ಪರದೆಯ ಕಡೆ ಕೈ ತೋರಿಸಿದ.

ಹುಡುಗಿ ಅಳಲಿಲ್ಲ. ಗೆರೆ ಪುಸ್ತಕ ಎಳೆದುಕೊಂಡು, ಪೆನ್ನು ತೆಗೆದು, ಕೊನೆಯ ಸಾಲಿನ ಕೆಳಗೆ ಮೂವತ್ತೆರಡು ಅಂತ ಹೊಸ ಸಾಲಿನ ಸಂಖ್ಯೆ ಹಾಕಿದಳು.

"ಏನಾಗಿತ್ತು ಅಂಕಲ್? ನಾನು ಏನು ಚೆಕ್ ಮಾಡೋದು ಬಿಟ್ಟೆ?"

ಟೈಲರಮ್ಮ ಅಷ್ಟರಲ್ಲಿ ಹತ್ತಿರ ಬಂದು ಅಕ್ಕನ ಕಾಗದ ಓದಿದ್ದಳು. ಮಗಳ ಬೆನ್ನ ಹಿಂದೆ ನಿಂತು ಬೇಡ, ಬೇಡ ಅಂತ ತಲೆ ಆಡಿಸಿದಳು. ಜೇಬಿನಲ್ಲಿ ಕವರು ಇತ್ತು. ಪಾರ್ಟ್ ಹೋಗಿತ್ತು ಅಂದರೆ ಮುಗಿಯುತ್ತಿತ್ತು. ಇಪ್ಪತ್ತು ವರ್ಷದಲ್ಲಿ ಅಂಥ ಮಾತು ಅವನ ನಾಲಿಗೆಗೆ ಯಾವತ್ತೂ ಭಾರವಾಗಿರಲಿಲ್ಲ.

"ಇನ್ನೊಂದು ಸ್ವಲ್ಪ ಹುಡುಕಿದ್ರೆ ಸಿಕ್ತಿತ್ತೇನೋ," ಅಂದಳು ಹುಡುಗಿ. "ನನಗೇ ತಲೆ ಓಡ್ಲಿಲ್ಲ."

ಧೂಳಪ್ಪನಿಗೆ ತಡೆಯಲಾಗಲಿಲ್ಲ. "ಇಲ್ಲ ಮಗಳೇ. ನೀನು ಹುಡುಕಿದ್ರೂ ಸಿಕ್ತಿರ್ಲಿಲ್ಲ. ಅದು ಕೆಟ್ಟಿರ್ಲಿಲ್ಲ. ನಾನೇ ಕಟ್ಟಿದ್ದೆ. ಫ್ಯಾನ್ ರಿಪೇರಿಗೆ ಬಂದಾಗ."

ಹುಡುಗಿ ಅವನನ್ನು ನೋಡಿದಳು. ಆಮೇಲೆ ತಿರುಗಿ ಅಮ್ಮನನ್ನು ನೋಡಿದಳು. "ನಿನ್ನ ಒಳ್ಳೇದಕ್ಕೇ..." ಅಂತ ಶುರು ಮಾಡಿದ ಟೈಲರಮ್ಮ ಕುತ್ತಿಗೆಯ ಟೇಪನ್ನು ಎರಡೂ ಕೈಯಲ್ಲಿ ಹಿಡಿದು ಅಲ್ಲೇ ಕೂತಳು.

"ಬಿಚ್ಚೋಕೆ ಎಷ್ಟು ಹೊತ್ತು ಹಿಡೀತು?" ಹುಡುಗಿ ಕೇಳಿದಳು.

"ಅರ್ಧ ನಿಮಿಷ."

"ನಾನು ಐದು ಸಲ ಬಂದಿದ್ದೆ."

ಬೈದಿದ್ದರೆ ಚೆನ್ನಾಗಿತ್ತು. ಲೋಟ ಎತ್ತಿ ಹಣೆಗೆ ಎಸೆದಿದ್ದರೂ ಅವನು ಸುಮ್ಮನೆ ನಿಲ್ಲುತ್ತಿದ್ದ. ಹುಡುಗಿ ಕುರ್ಚಿಯಿಂದ ಎದ್ದು, ಅದನ್ನು ಅವನ ಕಡೆ ತಳ್ಳಿದಳು.

"ಕೂತ್ಕೊಳ್ಳಿ. ಅವಳ ಅಕ್ಕನಿಗೆ ಬರೀರಿ. ಏನಾಗಿತ್ತು ಅಂತ."

ಧೂಳಪ್ಪ ಕೂತ. ಬದುಕೆಲ್ಲ ಕೀಬೋರ್ಡಿನ ಮೇಲೆ ಕುಣಿದ ಬೆರಳುಗಳು ಅಕ್ಷರ ಹುಡುಕಿದವು. ಕಪ್ಪೆಯ ಕಂಪ್ಯೂಟರ್ ಕೆಟ್ಟಿತ್ತು ಅಂತ ಬರೆದ.

"ಕೆಟ್ಟಿರ್ಲಿಲ್ಲ," ಅಂದಳು ಹುಡುಗಿ.

ಅಳಿಸಿದ. ಕಪ್ಪೆಗೆ ಆಟದೊಳಗೆ ಬರೋಕೆ ಆಗಲಿಲ್ಲ ಅಂತ ಬರೆದ.

"ಯಾಕೆ ಆಗ್ಲಿಲ್ಲ ಅಂತ ಬರೀರಿ."

ಅದನ್ನೂ ಅಳಿಸಿದ. ಆಮೇಲೆ ಒಂದೊಂದೇ ಅಕ್ಷರ ಒತ್ತಿ ಬರೆದ: ನಾನು ರಿಪೇರಿ ಅಂಗಡಿಯವನು. ಈ ಹುಡುಗಿ ಪರೀಕ್ಷೆಗೆ ಓದಲಿ ಅಂತ ಆಟ ಶುರುವಾಗದ ಹಾಗೆ ಮಾಡಿದವನು ನಾನು. ಅವಳು ಐದು ಸಲ ಅಂಗಡಿಗೆ ಬಂದಳು. ಮೊಲಕ್ಕೆ ಒಂದು ಮಾತು ಹೇಳಬೇಕು ಅಂದಳು. ನಾನು ಸುಳ್ಳು ಹೇಳಿ ಕಳಿಸಿದೆ.

ಹುಡುಗಿ ಪೂರ್ತಿ ಓದಿ, ತಾನೇ ಕೈ ಚಾಚಿ ಕಳಿಸೋ ಗುಂಡಿ ಒತ್ತಿದಳು. ಐದು ಗಂಟೆ ಆಗಿ ಸ್ವಲ್ಪ ಹೊತ್ತಾಗಿತ್ತು. ಆ ಕಡೆ ಯಾರೋ ಇದ್ದರು. ಬರೆಯುತ್ತಿದ್ದಾರೆ ಅಂತ ಪರದೆ ತೋರಿಸಿತು, ನಿಂತಿತು, ಮತ್ತೆ ತೋರಿಸಿತು. ಆಮೇಲೆ ಅಕ್ಕನ ಮಾತು ಬಂತು.

"ಹಾಗಾದ್ರೆ ಕಪ್ಪೆಗೆ ಕೋಪ ಇರ್ಲಿಲ್ವಾ? ಮೊಲ ಕೊನೇವರೆಗೂ ಅದನ್ನೇ ಕೇಳಿದ್ಲು. ಕೋಪಾನೇ ಇರ್ಬೇಕು, ಮರೆತುಬಿಡು ಅಂತ ನಾನೇ ಹೇಳಿದ್ದೆ."

ಧೂಳಪ್ಪ ಹಿಂದಕ್ಕೆ ತಿರುಗಿ ನೋಡಿದ. ಹುಡುಗಿ ಕುರ್ಚಿಯ ಬೆನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದಳು.

"ಇರ್ಲಿಲ್ಲ ಅಂತ ಬರೀರಿ," ಅಂದಳು.

ಅವನು ಬರೆದ.