ಸೂಜಿಹರಳು

ಹಾಸಿಗೆಯ ದೊಡ್ಡ ಹೊದಿಕೆಯನ್ನು ಹಿಂಡಲು ಇಬ್ಬರು ಬೇಕು. ಒಂದು ತುದಿ ಅತ್ತೆಯ ಕೈಯಲ್ಲಿತ್ತು, ಇನ್ನೊಂದು ಸೊಸೆಯ ಕೈಯಲ್ಲಿ. ಇಬ್ಬರೂ ತಿರುವಿದಂತೆಲ್ಲ ಹೊದಿಕೆ ದಪ್ಪ ಹಗ್ಗದಂತಾಗಿ ನಡುವಿನಿಂದ ನೀರು ಬಕೆಟ್ಟಿಗೆ ಸುರಿಯುತ್ತಿತ್ತು.

"ಗಟ್ಟಿಯಾಗಿ ತಿರುವು. ನೀನು ಬಟ್ಟೆ ಹಿಂಡ್ತಿದ್ದೀಯೋ, ಅದಕ್ಕೆ ಸಮಾಧಾನ ಹೇಳ್ತಿದ್ದೀಯೋ?" ಎಂದರು ಅತ್ತೆ.

"ನಿಮ್ಮ ಕೈಗೆ ಸಿಕ್ಕಿದ ಮೇಲೆ ಅದಕ್ಕೆ ಸಮಾಧಾನ ಬೇಡ್ವಾ ಅತ್ತೆ?"

ಅತ್ತೆ ನಕ್ಕರು. ಆ ನಗು ಅರ್ಧದಲ್ಲೇ ನಿಂತಿತು. ಮೆಟ್ಟಿಲ ಕಡೆಯಿಂದ ಮೊಮ್ಮಗಳು ಗುಬ್ಬಿ ಬರುತ್ತಿದ್ದಳು. ಬಾಯಿ ತೆರೆದಿತ್ತು, ಗಲ್ಲದ ಮೇಲೆ ಜೊಲ್ಲು ಇಳಿಯುತ್ತಿತ್ತು, ಕಣ್ಣಲ್ಲಿ ನೀರು ತುಂಬಿತ್ತು. ಎಂಟು ವರ್ಷದ ಆ ಹುಡುಗಿ ಎದ್ದ ಗಳಿಗೆಯಿಂದ ಮಲಗುವ ತನಕ ಏನಾದರೊಂದು ಕೇಳುತ್ತಲೇ ಇರುತ್ತಾಳೆಂದು ಮನೆಯವರು ಇಟ್ಟ ಹೆಸರು ಗುಬ್ಬಿ. ಈಗ ಅವಳ ಬಾಯಿಂದ ಬಂದದ್ದು "ಆ... ಆ..." ಎಂಬುದಷ್ಟೇ. ಒಂದು ಕೈಯಲ್ಲಿ, ಮೆಟ್ಟಿಲ ಬಳಿಯ ಕುಂಡದಲ್ಲಿದ್ದ ಬಿಳಿ ಚುಕ್ಕಿಯ ಅಲಂಕಾರದ ಗಿಡದ ಎಲೆ ಇತ್ತು. ಅದರ ಅಂಚಿನಲ್ಲಿ ಪುಟ್ಟ ಹಲ್ಲುಗಳ ಗುರುತು.

ಹೊದಿಕೆ ಕೈಬಿಟ್ಟು ಬಕೆಟ್ಟಿಗೆ ಬಿತ್ತು.

ತಾಯಿ ಅವಳ ಬಾಯಿ ತೊಳೆದಳು, ಒದ್ದೆ ಬಟ್ಟೆಯಿಂದ ನಾಲಗೆ ಒರೆಸಿದಳು, ಎತ್ತಿಕೊಂಡೇ ಮೂರು ಬೀದಿ ದಾಟಿ ಡಾಕ್ಟರ ಬಳಿಗೆ ಓಡಿದಳು. ಡಾಕ್ಟರು ಬಾಯೊಳಗೆ ಬೆಳಕು ಬಿಟ್ಟು ನೋಡಿದರು. ಎಲೆಯನ್ನು ಮೂಸಿ ಪಕ್ಕಕ್ಕಿಟ್ಟರು.

"ನುಂಗಿಲ್ಲ, ಒಳ್ಳೇದಾಯ್ತು. ನಾಲಗೆ ಊದಿದೆ, ಎರಡು ದಿನದಲ್ಲಿ ಇಳಿಯುತ್ತೆ. ತಣ್ಣಗಿನ ಹಾಲು ಕೊಡಿ. ಉಸಿರಾಡೋಕೆ ಸ್ವಲ್ಪ ತೊಂದರೆ ಅನ್ನಿಸಿದ್ರೂ ತಕ್ಷಣ ಕರ್ಕೊಂಡು ಬನ್ನಿ. ಅಲ್ಲಮ್ಮ, ಇಷ್ಟು ದೊಡ್ಡ ಹುಡುಗಿ ಗಿಡ ಯಾಕೆ ತಿಂದೆ? ಮನೇಲಿ ಊಟ ಹಾಕಲ್ವಾ?"

ಗುಬ್ಬಿ ಇನ್ನೊಂದು ಮುಷ್ಟಿಯನ್ನು ಬಿಚ್ಚಿದಳು. ಅದರಲ್ಲಿ ಅಜ್ಜಿಯ ಉಂಗುರವಿತ್ತು, ಹರಳು ಉದುರಿಹೋದ ಉಂಗುರ. ಡಾಕ್ಟರ ಮೇಜಿನ ಮೇಲಿದ್ದ ಚೀಟಿಯನ್ನೆಳೆದುಕೊಂಡು ಅವಳು ಬರೆದಳು: 'ಹರಳು ಬರಲಿಲ್ಲ.'

ಡಾಕ್ಟರಿಗೆ ಏನೂ ಅರ್ಥವಾಗಲಿಲ್ಲ. ತಾಯಿಗೆ ಮಾತ್ರ ಎಲ್ಲ ಅರ್ಥವಾಯಿತು.

ಅವಳ ಕೆಲಸ ಪದಗಳದ್ದು. ಹಿಂದೆ ಅವಳಿಗೆ ಕಾಲೇಜಿನಲ್ಲಿ ಪಾಠ ಹೇಳಿದ್ದ ಮೇಷ್ಟ್ರು ನಿವೃತ್ತರಾದ ಮೇಲೆ ಸಸ್ಯರಸಾಯನದ ಪದಕೋಶವೊಂದನ್ನು ಸಿದ್ಧಮಾಡುತ್ತಿದ್ದರು. ಅದಕ್ಕೆ ಕನ್ನಡ ಪದ, ಅರ್ಥ, ವಾಕ್ಯಪ್ರಯೋಗ ಎಂಬ ಮೂರು ಕಾಲಮುಗಳನ್ನು ತುಂಬುವವಳು ಇವಳು. ಒಲೆಯ ಮೇಲೆ ಬೇಳೆ ಬೇಯುವಾಗ ಒಂದು ಪದ, ಬಟ್ಟೆ ನೆನೆಯುವಾಗ ಇನ್ನೊಂದು. ಸಂಜೆ ಗುಬ್ಬಿ ಕರಡನ್ನು ಗಟ್ಟಿಯಾಗಿ ಓದಬೇಕು, ತಾಯಿ ತನ್ನ ಕೈಬರಹದ ಜೊತೆ ಹೋಲಿಸಿ ನೋಡಬೇಕು. ಅರ್ಥವಾಗದ ಪದಗಳನ್ನೂ ಗುಬ್ಬಿ ಪಾಠ ಒಪ್ಪಿಸುವ ಹಾಗೆ ಓದುತ್ತಿದ್ದಳು, ನಡುನಡುವೆ ಪ್ರಶ್ನೆ ಹಾಕುತ್ತಿದ್ದಳು.

ಕೆಲವು ಗಿಡಗಳ ಎಲೆಯೊಳಗೆ ಸೂಜಿಯಂಥ ಸಣ್ಣ ಸಣ್ಣ ಕಣಗಳು ಕಟ್ಟುಕಟ್ಟಾಗಿರುತ್ತವೆ. ದನ ಬಾಯಿ ಹಾಕಿದರೆ ಅದರ ನಾಲಗೆಗೆ ಚುಚ್ಚುತ್ತವೆ. ಪುಸ್ತಕಗಳಲ್ಲಿ ಅವಕ್ಕೆ ರಾಫೈಡ್ ಎಂದು ಹೆಸರು. ಆ ಪದಕ್ಕೆ ಅವಳು ಒಂದು ವಾರ ತಲೆ ಕೆಡಿಸಿಕೊಂಡಿದ್ದಳು. ಮೇಷ್ಟ್ರು 'ಸೂಚ್ಯಾಕಾರ ಸ್ಫಟಿಕ' ಎಂದಿದ್ದರು. ಅವಳಿಗದು ಬಾಯಲ್ಲಿ ಕಲ್ಲು ಇಟ್ಟುಕೊಂಡ ಹಾಗೆ ಕೇಳಿಸಿತ್ತು. ಕೊನೆಗೊಂದು ದಿನ ತಟ್ಟೆ ತೊಳೆಯುವಾಗ ತಟ್ಟನೆ ಹೊಳೆಯಿತು: ಸೂಜಿಹರಳು. ಮನೆಯಲ್ಲಿ ಆಡುವ ಪದ, ಹೇಳಿದರೆ ಕಣ್ಣಿಗೆ ಕಾಣುವ ಪದ. ವಾಕ್ಯಪ್ರಯೋಗದ ಕಾಲಮಿನಲ್ಲಿ ಹೀಗೆ ಬರೆದಳು: 'ಎಲೆಯನ್ನು ಕಡಿದಾಗ ಸೂಜಿಹರಳುಗಳು ಹೊರಬರುತ್ತವೆ.'

ಹಿಂದಿನ ಸಂಜೆಯಷ್ಟೇ ಗುಬ್ಬಿ ಈ ವಾಕ್ಯವನ್ನು ಓದಿದ್ದಳು. ಓದಿ, ಎಂದಿನಂತೆ ಪ್ರಶ್ನೆ ಹಾಕದೆ ಸುಮ್ಮನೆ ಎದ್ದುಹೋಗಿದ್ದಳು. ನಿದ್ದೆ ಬಂದಿರಬೇಕು ಎಂದುಕೊಂಡಿದ್ದಳು ತಾಯಿ. ಹುಡುಗಿಗೆ ಗೊತ್ತಿದ್ದ ಹರಳು ಒಂದೇ, ಉಂಗುರದ್ದು. ಅಜ್ಜಿ ವಾರದಿಂದ ಖಾಲಿ ಉಂಗುರವನ್ನು ಬೆಳಕಿಗೆ ಹಿಡಿದು "ಹಲ್ಲು ಬಿದ್ದ ಮುದುಕಿ ಥರ ಕಾಣ್ತಿದೆ ನೋಡು" ಎಂದು ಪೇಚಾಡುತ್ತಿದ್ದರು.

ಡಾಕ್ಟರಲ್ಲಿಂದ ಬಂದ ಮೇಲೆ ಅಡುಗೆಮನೆಯಲ್ಲಿ ಮಾತಿಗೆ ಮಾತು ಬೆಳೆಯಿತು. ಭಯ ಇಳಿದ ಮೇಲೆ ಸಿಟ್ಟು ಏರುತ್ತದಲ್ಲ, ಹಾಗೆ.

"ಆ ಖಾಲಿ ಉಂಗುರ ತೋರಿಸಿ ತೋರಿಸಿ ಕೊರಗಿದ್ರೆ ಮಗು ಇನ್ನೇನು ಮಾಡುತ್ತೆ ಅತ್ತೆ?"

"ನನ್ನ ಮೇಲೆ ಹಾಕ್ಬೇಡ. ಎಲೆ ಕಚ್ಚಿದ್ರೆ ಹರಳು ಬರುತ್ತೆ ಅಂತ ಬರೆದಿದ್ದು ನಾನಲ್ಲ, ನೀನು."

"ಅದು ದೊಡ್ಡವರಿಗೆ ಬರೆದಿದ್ದು. ಆ ಸೂಜಿಹರಳು ಕಣ್ಣಿಗೇ ಕಾಣಲ್ಲ."

"ಓದಿದ್ದು ಯಾರು ಮತ್ತೆ? ನಿನ್ನ ಬಾಯಲ್ಲೇ ಸೂಜಿ ಇದೆ ಕಣೇ. ಒಂದೊಂದು ಮಾತೂ ಚುಚ್ಚುತ್ತೆ. ನಿನಗೆ ಗೊತ್ತಾಗಲ್ಲ ಅಷ್ಟೆ."

ಗುಬ್ಬಿ ಮೂಲೆಯ ಸ್ಟೂಲಿನ ಮೇಲೆ ಹಾಲಿನ ಲೋಟ ಹಿಡಿದು ಕುಳಿತಿದ್ದಳು. ಅಜ್ಜಿಯ ಮುಖ ನೋಡಿದಳು, ಅಮ್ಮನ ಮುಖ ನೋಡಿದಳು.

ಸಂಜೆಯ ಹೊತ್ತಿಗೆ ಅತ್ತೆ ಸೊಸೆ ಮತ್ತೆ ಬಕೆಟ್ಟಿನ ಹೊದಿಕೆಯನ್ನು ಎರಡು ತುದಿ ಹಿಡಿದು ಹಿಂಡುತ್ತಿದ್ದರು. ಆ ಮನೆಯಲ್ಲಿ ಜಗಳಗಳ ಆಯಸ್ಸು ಅಷ್ಟೇ.

ಎರಡು ದಿನದಲ್ಲಿ ಊತ ಇಳಿಯಿತು. ಮೂರನೆಯ ದಿನ ಡಾಕ್ಟರು ನೋಡಿ, "ಎಲ್ಲ ಸರಿಹೋಗಿದೆ, ಇನ್ನು ಎಷ್ಟು ಬೇಕಾದ್ರೂ ಮಾತಾಡಬಹುದು" ಎಂದರು. ಗುಬ್ಬಿ ತಲೆಯಾಡಿಸಿದಳು. ಊಟ ಮಾಡಿದಳು, ನಕ್ಕಳು, ಹಗ್ಗದಾಟ ಆಡಿದಳು. ಮಾತು ಮಾತ್ರ ಆಡಲಿಲ್ಲ. ಏನಾದರೂ ಬೇಕಾದರೆ ಹಳೆಯ ಕರಡಿನ ಬೆನ್ನಿಗೆ ಬರೆದು ತೋರಿಸುತ್ತಿದ್ದಳು: 'ನೀರು.' 'ಪೆನ್ಸಿಲ್ ಎಲ್ಲಿ.' ಪ್ರಶ್ನೆಯ ಚಿಹ್ನೆಯನ್ನೂ ಹಾಕುತ್ತಿರಲಿಲ್ಲ.

ಅವಳಪ್ಪ ರೈಲು ನಿಲ್ದಾಣದಲ್ಲಿ ಸಿಗ್ನಲ್ ಕೆಲಸದವನು. ಮನೆಗೆ ಬಂದವನೇ ಮಗಳ ಎದುರು ಕುಳಿತು ಬೇಕೆಂದೇ ತಪ್ಪು ತಪ್ಪು ಹೇಳಿದ. "ಆನೆಗೆ ಆರು ಕಾಲು. ಮೀನು ಮರದ ಮೇಲೆ ಗೂಡು ಕಟ್ಟುತ್ತೆ. ನಿಮ್ಮಜ್ಜಿಗೆ ಇಪ್ಪತ್ತು ವರ್ಷ." ಹಿಂದಾಗಿದ್ದರೆ ಮೊದಲ ತಪ್ಪಿಗೇ ಕೂಗಾಡುತ್ತಿದ್ದಳು. ಈಗ ನಾಲ್ಕು ಬೆರಳು ಎತ್ತಿ ತೋರಿಸಿ, ಅಪ್ಪನ ಕೆನ್ನೆ ತಟ್ಟಿ ಎದ್ದುಹೋದಳು.

"ಇಪ್ಪತ್ತು ಅಂದಿದ್ದನ್ನ ಒಪ್ಪಿಕೊಂಡಳಲ್ಲ, ಅದೇ ಸಾಕು" ಎಂದರು ಅಜ್ಜಿ. ಆದರೆ ಆ ದನಿಯಲ್ಲಿ ಹುರುಪಿರಲಿಲ್ಲ. ಸ್ವಲ್ಪ ಹೊತ್ತು ಬಿಟ್ಟು ಸೊಸೆಯ ಬಳಿ ಬಂದು, "ಈ ಹುಡುಗಿ ಬಾಯಿ ಮುಚ್ಚಿದ್ರೆ ಸಾಕಪ್ಪ ಅಂತ ಎಷ್ಟು ಸಲ ಅಂದಿದ್ದೀನಿ ಗೊತ್ತಾ?" ಎಂದರು ಮೆಲ್ಲಗೆ.

ನಾಲ್ಕನೆಯ ಬೆಳಗ್ಗೆ ತಾಯಿ ಮಗಳ ತಲೆ ಬಾಚುತ್ತಿದ್ದಳು. ಸಿಕ್ಕು ಬಿಡಿಸಬೇಕು, ಎಳೆಯಬಾರದು. ಆ ಕೆಲಸದಲ್ಲಿ ಅವಳಿಗೆ ಎಷ್ಟು ಬೇಕಾದರೂ ತಾಳ್ಮೆ ಇತ್ತು.

"ನೋವಿದೆಯಾ ಪುಟ್ಟಿ?"

ತಲೆ ಇಲ್ಲ ಎಂದು ಅಲ್ಲಾಡಿತು.

"ನನ್ನ ಮೇಲೆ ಕೋಪಾನಾ?"

ಇಲ್ಲ.

"ಮತ್ತೆ ಯಾಕೆ ಮಾತಿಲ್ಲ? ಬರೆದಾದ್ರೂ ಹೇಳು. ಎಷ್ಟು ಹೊತ್ತಾದ್ರೂ ಸರಿ, ಕಾಯ್ತೀನಿ."

ಅವಳು ಕಾದಳು. ಒಂದು ಕಡೆಯ ಜಡೆ ಮುಗಿಯಿತು, ಇನ್ನೊಂದು ಕಡೆಯದೂ ಮುಗಿಯಿತು. ಗುಬ್ಬಿ ಕಾಗದ ಎಳೆದುಕೊಂಡು, ತೋಳು ಅಡ್ಡವಿಟ್ಟು ಬರೆದು, ಮಡಚಿ ಕೊಟ್ಟಳು.

'ಬಾಯಲ್ಲಿ ಸೂಜಿ ಇದೆ. ಮಾತಾಡಿದ್ರೆ ನಿಂಗೆ ಚುಚ್ಚುತ್ತೆ. ಅಜ್ಜಿಗೂ.'

ತಾಯಿ ಅದನ್ನು ಎರಡು ಸಲ ಓದಿದಳು. ಬಾಚಣಿಗೆ ಕೆಳಗಿಟ್ಟಳು. "ಅಯ್ಯೋ ನನ್ನ ಬಂಗಾರ," ಎಂದಳು, "ಅಜ್ಜಿ ಹೇಳಿದ್ದು ಬೇರೆ ಸೂಜಿ. ಅದು ಮಾತಿಗೆ ಹೇಳೋದು. ನಿನ್ನ ಬಾಯಲ್ಲಿದ್ದದ್ದು ಆವತ್ತೇ ನೀರಲ್ಲಿ ಹೋಯ್ತು."

ಗುಬ್ಬಿ ಕಾಗದ ವಾಪಸು ಇಸಿದುಕೊಂಡು ಕೆಳಗೆ ಬರೆದಳು: 'ಕಣ್ಣಿಗೆ ಕಾಣಲ್ಲ ಅಂತ ನೀನೇ ಅಂದಿದ್ದೆ. ಹೋಯ್ತು ಅಂತ ಹೇಗೆ ಗೊತ್ತು.'

ಗೊತ್ತಿಲ್ಲದ್ದನ್ನು ಗೊತ್ತು ಎನ್ನುವ ಅಭ್ಯಾಸ ತಾಯಿಗಿರಲಿಲ್ಲ. "ಹೌದು ಕಣೇ," ಎಂದಳು, "ನೋಡದೆ ಹೇಗೆ ಹೇಳೋದು? ಚಪ್ಪಲಿ ಹಾಕ್ಕೋ."

ಮೇಷ್ಟ್ರಿಗೆ ಕಾಲೇಜಿನ ಹಳೆಯ ಪ್ರಯೋಗಾಲಯದ ಕಿಟಕಿ ಪಕ್ಕ ಇನ್ನೂ ಒಂದು ಮೇಜು ಉಳಿದಿತ್ತು. ಅದರ ಮೇಲೆ ಕರಡಿನ ಕಟ್ಟುಗಳು, ಒಣಗಿದ ಕಾಂಡಗಳು, ಕನ್ನಡಕದ ಮೂರು ಡಬ್ಬಿಗಳು. ತಾಯಿ ಬಾಗಿಲಲ್ಲೇ ಎಲ್ಲವನ್ನೂ ಹೇಳಿ ಮುಗಿಸಿ, "ಆ ಪದ ತೆಗೆದುಬಿಡಿ ಸರ್," ಎಂದಳು. "ನೀವು ಹೇಳಿದ ಸ್ಫಟಿಕಾನೇ ಇರಲಿ. ಅದನ್ನ ಓದಿ ಯಾರೂ ಎಲೆ ಕಚ್ಚಲ್ಲ."

"ಅದನ್ನ ಯಾರೂ ಓದೋದೇ ಇಲ್ಲಮ್ಮ," ಎಂದರು ಮೇಷ್ಟ್ರು. "ಪದ ಏನು ಮಾಡಿತು ಪಾಪ? ತಪ್ಪಿರೋದು ಮೂರನೇ ಕಾಲಮಿನಲ್ಲಿ. ಕಡಿದಾಗ ಅಂತ ಯಾಕೆ ಬರೆದೆ? ನಾನಾದರೂ ಯಾಕೆ ಬಿಟ್ಟೆ?" ಆಮೇಲೆ ಗುಬ್ಬಿಯ ಕಡೆ ತಿರುಗಿ ಸ್ವಲ್ಪ ಬಗ್ಗಿದರು. "ಬನ್ನಿ ಸಂಶೋಧಕರೇ. ಈ ಸಲ ಬಾಯಿಂದ ಬೇಡ, ಕಣ್ಣಿಂದ ನೋಡೋಣ."

ಅಂಥದ್ದೇ ಚುಕ್ಕಿಯ ಗಿಡ ಅಲ್ಲೂ ಇತ್ತು. ಅವರು ಕೈಗವಸು ಹಾಕಿಕೊಂಡು ಎಲೆಯ ತೊಟ್ಟು ಮುರಿದು, ಒಂದು ಹನಿ ರಸವನ್ನು ಗಾಜಿನ ಪಟ್ಟಿಗೆ ತಾಗಿಸಿ, ಮೇಲೊಂದು ತೆಳು ಗಾಜು ಮುಚ್ಚಿ ಸೂಕ್ಷ್ಮದರ್ಶಕದ ಕೆಳಗಿಟ್ಟರು. ಗುಬ್ಬಿ ಕುರ್ಚಿಯ ಮೇಲೆ ಮೊಣಕಾಲೂರಿ ಕಣ್ಣಿಟ್ಟಳು. ಅವಳ ಬೆನ್ನು ಸೆಟೆಯಿತು.

ಅವಳು ಸರಿದ ಮೇಲೆ ತಾಯಿಯೂ ನೋಡಿದಳು. ಒಂದು ವರ್ಷದಿಂದ ಇಂಥವಕ್ಕೆ ಅರ್ಥ ಬರೆಯುತ್ತಿದ್ದವಳು ಇವನ್ನು ಕಂಡದ್ದು ಇದೇ ಮೊದಲು. ಬೆಂಕಿಕಡ್ಡಿ ಚೆಲ್ಲಿದಂತೆ ಸೂಜಿಗಳು. ಕೆಲವು ಒಂಟಿಯಾಗಿ ತೇಲುತ್ತಿದ್ದವು. ಕೆಲವು ಇನ್ನೂ ಒತ್ತೊತ್ತಾಗಿ ಕಟ್ಟಿನೊಳಗೇ ಇದ್ದವು. ಎರಡೂ ತುದಿ ಚೂಪು. ಬೆಳಕು ಬಿದ್ದಲ್ಲಿ ಹೊಳೆಯುತ್ತಿದ್ದವು. ಹರಳು ಎಂದದ್ದು ತಪ್ಪೇನಲ್ಲ ಅನ್ನಿಸಿತು.

"ಈಗ ನಿಮ್ಮದು," ಎಂದು ಮೇಷ್ಟ್ರು ಹೊಸ ಗಾಜಿನ ಪಟ್ಟಿಯನ್ನು ಗುಬ್ಬಿಯ ಬಾಯಿಯ ಮುಂದೆ ಹಿಡಿದರು. "ಉಗೀರಿ. ನನ್ನ ಮೇಲಲ್ಲ, ಇದರ ಮೇಲೆ."

ಗುಬ್ಬಿ ಅಮ್ಮನನ್ನು ನೋಡಿದಳು. ಅಮ್ಮ ಹೂಂ ಎಂದಳು. ಒಂದು ಹನಿ ಎಂಜಲು ಗಾಜಿನ ಮೇಲೆ ಬಿತ್ತು. ಈ ಸಲ ಹುಡುಗಿ ಬಹಳ ಹೊತ್ತು ನೋಡಿದಳು. ಪಟ್ಟಿಯನ್ನು ತಾನೇ ಎಡಕ್ಕೆ ಸರಿಸಿದಳು, ಬಲಕ್ಕೆ ಸರಿಸಿದಳು, ಮೂಲೆ ಮೂಲೆ ಹುಡುಕಿದಳು.

"ಏನೇನಿದೆ?" ಎಂದರು ಮೇಷ್ಟ್ರು.

ಅವಳು ಗಾಳಿಯಲ್ಲಿ ಬೆರಳಿನಿಂದ ಒಂದು ಗುಂಡು ಬರೆದಳು.

"ಗುಳ್ಳೆ. ಮತ್ತೆ?"

ಇನ್ನೊಂದು ಗುಂಡು.

"ಸೂಜಿ?"

ಗುಬ್ಬಿ ಮತ್ತೊಮ್ಮೆ ಕಣ್ಣಿಟ್ಟು ನೋಡಿ, ನಿಧಾನವಾಗಿ ತಲೆಯಲ್ಲಾಡಿಸಿದಳು. ಇಲ್ಲ.

ತಾಯಿ ಕರಡನ್ನು ಮುಂದಕ್ಕೆಳೆದುಕೊಂಡು, ಮೂರನೆಯ ಕಾಲಮಿನ ವಾಕ್ಯಕ್ಕೆ ಗೀಟು ಹಾಕಿ, ಪಕ್ಕದಲ್ಲಿ ಬರೆಯತೊಡಗಿದಳು: 'ಎಲೆಯ ರಸವನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದಾಗ...' ಅವಳ ಕೈ ಅಷ್ಟಕ್ಕೇ ನಿಂತಿತು. ಮಗಳು ಮೊದಲಿನ ಗಾಜಿನ ಪಟ್ಟಿಯನ್ನು ತಾನಾಗಿಯೇ ಮತ್ತೆ ಒಳಗಿಟ್ಟು ಬಗ್ಗಿದ್ದಳು. ಒಂದು ಕಣ್ಣು ಮುಚ್ಚಿತ್ತು. ತುಟಿಗಳು ಅಲ್ಲಾಡುತ್ತಿದ್ದವು. ಆ ಅಲುಗಾಟ ತಾಯಿಗೆ ಚೆನ್ನಾಗಿ ಗೊತ್ತಿತ್ತು. ಯಾವುದೋ ಒಂದನ್ನು ಹೇಗೆ ಕೇಳುವುದೆಂದು ಒಳಗೇ ಜೋಡಿಸಿಕೊಳ್ಳುವಾಗ ಹಾಗಾಗುತ್ತಿತ್ತು. ಅವಳು ಪೆನ್ಸಿಲ್ಲನ್ನು ಸದ್ದಾಗದಂತೆ ಕೆಳಗಿಟ್ಟಳು. ಮೇಷ್ಟ್ರು ಏನೋ ಹೇಳಹೊರಟಾಗ ಕೈ ಎತ್ತಿ ಬೇಡವೆಂದಳು.

ಗುಬ್ಬಿ ತಲೆ ಎತ್ತಿದಳು. ಅಂಗೈಯನ್ನು ಬಾಯಿಗೆ ಅಡ್ಡ ಹಿಡಿದು ಅಮ್ಮನ ಮುಖವನ್ನೇ ನೋಡಿದಳು, ಆಮೇಲೆ ಕೈ ಇಳಿಸಿದಳು. ನಾಲ್ಕು ದಿನ ಬಳಸದ ದನಿ ಒರಟಾಗಿ ಹೊರಟಿತು.

"ಅಮ್ಮ, ಇಷ್ಟೊಂದು ಸೂಜಿ ಒಳಗೇ ಇಟ್ಕೊಂಡಿದ್ರೆ, ಗಿಡಕ್ಕೆ ಚುಚ್ಚಲ್ವಾ?"